ಓಟ ಮುಗಿದ ಮೇಲಿನ ಹಾದಿ



ಕಳೆದ ಶ್ರಾವಣ ಮಾಸದಲ್ಲಿ ಮಾಲೂರಿನ ಭಕ್ತರೊಬ್ಬರ ಮನೆಯ ಗೃಹಪ್ರವೇಶಕ್ಕೆ ಹೋಗಿದ್ದೆ. ಪೂಜೆ ಮುಗಿದು ಪ್ರಸಾದದ ಪಂಕ್ತಿ ನಡೆಯುತ್ತಿದ್ದಾಗ ನಲವತ್ತೈದು ದಾಟಿದ ಹೆಣ್ಣುಮಗಳೊಬ್ಬಳು ಬಂದು ನಮಸ್ಕರಿಸಿ, “ಸಾರ್, ನನ್ನ ಗುರುತು ಸಿಕ್ಕಿತೇ?” ಎಂದು ಕೇಳಿದಳು. ಸಿಗಲಿಲ್ಲ. ಮೂವತ್ತಕ್ಕೂ ಹೆಚ್ಚು ವರ್ಷಗಳ ಹಿಂದೆ ನಾನು ಶ್ರೀನಿವಾಸಪುರ ತಾಲ್ಲೂಕಿನ ಹಳ್ಳಿಯೊಂದರ ಪ್ರೌಢಶಾಲೆಯಲ್ಲಿ ಕನ್ನಡ ಪಂಡಿತನಾಗಿದ್ದೆ. ಆಕೆ ತನ್ನ ಊರನ್ನೂ ತಂದೆಯ ಹೆಸರನ್ನೂ ಹೇಳಿದ ಕೂಡಲೆ ಎಲ್ಲವೂ ನೆನಪಿಗೆ ಬಂದಿತು. ನೆನಪಾಗದಿದ್ದರೇ ಚೆನ್ನಾಗಿತ್ತೆಂದು ಆ ಕ್ಷಣಕ್ಕೆ ಅನ್ನಿಸಿತು.

ಆಕೆ ತನ್ನ ಮಗಳನ್ನು ಮುಂದಕ್ಕೆ ಕರೆದು ಹೇಳಿದಳು: “ಇವಳು ಚೆನ್ನಾಗಿ ಓಡುತ್ತಾಳೆ ಸಾರ್. ತಾಲ್ಲೂಕಿನಲ್ಲಿ ಮೊದಲು ಬಂದಿದ್ದಾಳೆ. ಈಗ ಕೋಲಾರಕ್ಕೆ, ಜಿಲ್ಲಾ ಕ್ರೀಡಾಕೂಟಕ್ಕೆ ಹೋಗಬೇಕು. ಓಡಿ ಏನು ಮಾಡುವುದಿದೆ ಎಂದು ಇವರಪ್ಪ ಕೇಳುತ್ತಿದ್ದಾರೆ. ನಮ್ಮಪ್ಪನಿಗೆ ಅಂದು ನೀವು ಹೇಳಿದ್ದೂ ಇದೇ ಮಾತು. ಈಗ ಏನು ಹೇಳುತ್ತೀರಿ?”

ಆಕೆಯ ದನಿಯಲ್ಲಿ ಆಕ್ಷೇಪವಿರಲಿಲ್ಲ, ನಿಜವಾಗಿಯೂ ಕೇಳುತ್ತಿದ್ದಳು. ಆದುದರಿಂದಲೇ ನನಗೆ ಒಡನೆಯೇ ಉತ್ತರ ಹೊಳೆಯಲಿಲ್ಲ. “ಎರಡು ದಿನ ಸಮಯ ಕೊಡು ತಾಯಿ” ಎಂದು ಹೇಳಿ ಬಂದೆ. ಈ ತಿಂಗಳ ಅಂಕಣವೆಂದರೆ ಆ ಎರಡು ದಿನಗಳ ವಿಚಾರವೇ.

ಮೊದಲು ನನ್ನ ತಪ್ಪನ್ನು ಹೇಳಿಬಿಡುತ್ತೇನೆ. 1991ರಲ್ಲಿ ‘ಅಶ್ವಿನಿ’ ಎಂಬ ತೆಲುಗು ಚಿತ್ರ ಬಿಡುಗಡೆಯಾಯಿತು. ಮುಳಬಾಗಿಲು ಮತ್ತು ಶ್ರೀನಿವಾಸಪುರದ ಸೀಮೆಯಲ್ಲಿ ಕನ್ನಡದ ಜೊತೆಗೆ ತೆಲುಗೂ ಆಡುಮಾತು. ಆಂಧ್ರದ ಚಿತ್ರಗಳು ನಮ್ಮ ಚಿತ್ರಮಂದಿರಗಳಿಗೆ ತಪ್ಪದೆ ಬರುತ್ತಿದ್ದವು. ಆ ಚಿತ್ರವೂ ಬಂದಿತು. ಓಟಗಾರ್ತಿಯೊಬ್ಬಳ ಕಥೆ, ನಿಜವಾದ ಓಟಗಾರ್ತಿಯೇ ನಾಯಕಿ ಎಂಬ ಸುದ್ದಿ ತರಗತಿಯಲ್ಲೆಲ್ಲ ಹರಡಿತು. ಕರೆದುಕೊಂಡು ಹೋಗಿರೆಂದು ಹುಡುಗಿಯರು ಮುಖ್ಯೋಪಾಧ್ಯಾಯರನ್ನು ಕೇಳಿದರು. ಅವರು ನನ್ನ ಅಭಿಪ್ರಾಯ ಕೇಳಿದರು. ಮಠದಲ್ಲಿ ಓದಿ ಬಂದ ತರುಣ ಪಂಡಿತ ನಾನು. ಸಿನಿಮಾವೆಂದರೆ ಮೈಲಿಗೆಯೆಂಬಂತೆ ಮಾತನಾಡುತ್ತಿದ್ದೆ. “ಓಡುವವಳು ಓಡಬೇಕು, ಬಣ್ಣ ಹಚ್ಚಿಕೊಳ್ಳುವುದೇಕೆ? ಮಕ್ಕಳ ಮನಸ್ಸು ಕೆಡುತ್ತದೆ” ಎಂದೆ. ಯಾರೂ ಹೋಗಲಿಲ್ಲ.

ಮರುವರ್ಷದ ತಾಲ್ಲೂಕು ಕ್ರೀಡಾಕೂಟದಲ್ಲಿ ಈ ಹುಡುಗಿ ಬರಿಗಾಲಿನಲ್ಲಿ ಓಡಿ ಮೊದಲ ಸ್ಥಾನ ಗಳಿಸಿದಳು. ಮಾವಿನ ತೋಟದ ಕೆಲಸ ಮಾಡಿಕೊಂಡಿದ್ದ ಆಕೆಯ ತಂದೆ ಒಂದು ಸಂಜೆ ನನ್ನ ಬಿಡಾರಕ್ಕೆ ಬಂದು, “ಕೋಲಾರಕ್ಕೆ ಕಳಿಸಲೇ ಬೇಡವೇ, ಮೇಷ್ಟ್ರೇ?” ಎಂದು ಕೇಳಿದರು. ಹೆಣ್ಣುಮಗು ಓಡಿ ಏನು ಮಾಡುವುದಿದೆ, ನಾಲ್ಕು ವರ್ಷವಾದ ಮೇಲೆ ಆ ಓಟವೂ ಇರುವುದಿಲ್ಲ, ಓದಿಸಿ ಎಂದೆ. ಅವರು ನನ್ನ ಮಾತನ್ನು ಅರ್ಧ ಮಾತ್ರ ನಡೆಸಿದರು. ಓಟ ನಿಂತಿತು, ಎಸ್ಸೆಸ್ಸೆಲ್ಸಿಯ ನಂತರ ಓದೂ ನಿಂತಿತು.

ಮಾಲೂರಿನಿಂದ ಮನೆಗೆ ಬಂದವನು ಮೊಮ್ಮಗನಿಗೆ ಹೇಳಿ ಆ ಹಳೆಯ ಚಿತ್ರವನ್ನು ಅವನ ಮೊಬೈಲಿನಲ್ಲಿ ಹಾಕಿಸಿಕೊಂಡು ನೋಡಿದೆ. ಅಂದು ಕಾಣದೆಯೇ ಖಂಡಿಸಿದ್ದನ್ನು ಇಂದು ಕಂಡೆ. ಆ ನಾಯಕಿ ಅಶ್ವಿನಿ ನಾಚಪ್ಪ. ಕೊಡಗಿನವರು, 1967ರ ಅಕ್ಟೋಬರಿನಲ್ಲಿ ಹುಟ್ಟಿದವರು. ಬೆಂಗಳೂರಿನಲ್ಲಿ ಅಭ್ಯಾಸ ಮಾಡಿ ವೇಗದ ಓಟದಲ್ಲಿ ದೇಶಕ್ಕೆ ಹೆಸರಾದರು. ಆ ಕಾಲದಲ್ಲಿ ಭಾರತದಲ್ಲಿ ಎದುರಿಲ್ಲದ ಓಟಗಾರ್ತಿಯೆಂದರೆ ಕೇರಳದ ಪಿ.ಟಿ. ಉಷಾ, ಅಂಥವರನ್ನೂ ಹಿಂದಿಕ್ಕಿದ ಕೀರ್ತಿ ಅಶ್ವಿನಿಯವರದು. 1988ನೇ ಸಾಲಿನ ಅರ್ಜುನ ಪ್ರಶಸ್ತಿ ಅವರಿಗೆ ಸಂದಿತು. ಇಪ್ಪತ್ತನಾಲ್ಕರ ಆಸುಪಾಸಿನಲ್ಲಿ, ತಮ್ಮದೇ ಹೆಸರನ್ನು ಹೊತ್ತ ಚಿತ್ರದಲ್ಲಿ, ಓಟಗಾರ್ತಿಯಾಗಿಯೇ ತೆರೆಯ ಮೇಲೆ ಬಂದರು. ಚಿತ್ರದ ನಿರ್ದೇಶಕರು ಮೌಳಿ. ನಿರ್ಮಾಪಕರು ಉಷಾಕಿರಣ್ ಸಂಸ್ಥೆಯ ರಾಮೋಜಿ ರಾವ್. ಆಂಧ್ರಪ್ರದೇಶ ಸರ್ಕಾರದ ನಂದಿ ಪ್ರಶಸ್ತಿಯೂ ಆ ಅಭಿನಯಕ್ಕೆ ದೊರೆಯಿತು. ಅನಂತರ 1993ರಲ್ಲಿ ‘ಇನ್ಸ್‌ಪೆಕ್ಟರ್ ಅಶ್ವಿನಿ’ ಮೊದಲಾಗಿ ಇನ್ನು ಕೆಲವು ಚಿತ್ರಗಳು ಬಂದವು.

ಚಿತ್ರದಲ್ಲಿ ನನ್ನ ಮನಸ್ಸನ್ನು ಹಿಡಿದದ್ದು ಅಭಿನಯವಲ್ಲ, ಓಟ. ನಟಿಯೊಬ್ಬಳು ಅಳುವಂತೆ ನಟಿಸಬಹುದು, ನಗುವಂತೆ ನಟಿಸಬಹುದು; ಆ ವೇಗದಲ್ಲಿ ಓಡುವಂತೆ ನಟಿಸಲಾಗದು. ಹತ್ತು ಹನ್ನೆರಡು ವರ್ಷಗಳ ಬೆಳಗಿನ ಅಭ್ಯಾಸ ಆ ಹೆಜ್ಜೆಗಳಲ್ಲಿತ್ತು. ನಾನು ಬಣ್ಣವೆಂದು ಹಳಿದಿದ್ದ ಕಡೆ ಸಾಧನೆಯೇ ಇತ್ತು.

ಇಲ್ಲಿ ಒಂದು ಪ್ರಶ್ನೆ ಏಳುತ್ತದೆ. ಅಂದು ನಾನು ಎತ್ತಿದ್ದೂ ಅದನ್ನೇ, ಆದರೆ ಉತ್ತರವನ್ನು ಹುಡುಕಿರಲಿಲ್ಲ. ನಮ್ಮ ಶರಣರು ತಮ್ಮ ಹೆಸರಿನ ಮುಂದೆ ತಮ್ಮ ಕಾಯಕವನ್ನು ಇಟ್ಟುಕೊಂಡರು. ಅಂಬಿಗರ ಚೌಡಯ್ಯ, ಮಡಿವಾಳ ಮಾಚಯ್ಯ, ನುಲಿಯ ಚಂದಯ್ಯ. ದೋಣಿ ನಡೆಸುವವನಿಗೆ, ಹಗ್ಗ ಹೊಸೆಯುವವನಿಗೆ ವಯಸ್ಸಾದಂತೆ ಕೈ ಪಳಗುತ್ತದೆ. ಓಟಗಾರನ ಪಾಡು ಬೇರೆ. ಮೂವತ್ತಕ್ಕೆ ಕಾಲು ನಿಧಾನವಾಗುತ್ತದೆ. ಇನ್ನೊಬ್ಬರು ಮುಂದೆ ಹೋಗುತ್ತಾರೆ. ಮುಂದೆ ಬದುಕು ಇನ್ನೂ ನಲವತ್ತು ವರ್ಷವಿರುತ್ತದೆ. ಆಗ ಆತ ಏನಾಗಬೇಕು? ಹಳೆಯ ಪದಕಗಳನ್ನು ಒರೆಸುತ್ತ ಕುಳಿತಿರಬೇಕೇ?

ಈ ಪ್ರಶ್ನೆ ತಾರೆಯರದು ಮಾತ್ರವಲ್ಲ. ನಮ್ಮ ಜಿಲ್ಲೆಯ ಚಿನ್ನದ ಗಣಿ 2001ರ ಫೆಬ್ರವರಿ 28ರಂದು ಮುಚ್ಚಿತು. ನೂರಿಪ್ಪತ್ತು ವರ್ಷಗಳಷ್ಟು ಕಾಲ ನಡೆದು ಬಂದ ದುಡಿಮೆ ಒಮ್ಮೆಗೇ ನಿಂತು, ನಡುವಯಸ್ಸಿನ ಸಾವಿರಾರು ಮಂದಿ ಎರಡನೆಯ ಕಾಯಕವನ್ನು ಅರಸಬೇಕಾಯಿತು. ಮಾರಿಕುಪ್ಪಂನಿಂದ ಬಂಗಾರಪೇಟೆ, ಮಾಲೂರುಗಳನ್ನು ಹಾದು ಬೆಂಗಳೂರಿಗೆ ಹೋಗುವ ಬೆಳಗಿನ ರೈಲಿನಲ್ಲಿ ನಿಲ್ಲಲು ಸ್ಥಳವಿಲ್ಲದಂತೆ ಜನ ತುಂಬಿರುವುದನ್ನು ಕಂಡವರಿಗೆ ನಾನು ಹೇಳುವುದು ಅರ್ಥವಾಗುತ್ತದೆ. ಕೆಲಸ ನಿಂತರೂ ಕೆಲಸಗಾರ ನಿಲ್ಲುವಂತಿಲ್ಲ.

ಚಿನ್ನದ ಗಣಿಯ ಮಾತು ಬಂದುದರಿಂದ ಗಾಲ್ಫ್ ಆಟದ ಪ್ರಸಂಗವೊಂದನ್ನು ಹೇಳುವುದು ಉಚಿತ. ಗಣಿಯ ಬ್ರಿಟಿಷ್ ಅಧಿಕಾರಿಗಳು ಅಲ್ಲಿ ಈ ಆಟ ಆಡುತ್ತಿದ್ದುದನ್ನು ಹಿರಿಯರು ಹೇಳುತ್ತಿದ್ದರು. ವಿಶಾಲವಾದ ಹುಲ್ಲುಮೈದಾನದಲ್ಲಿ ಚಿಕ್ಕದೊಂದು ಚೆಂಡನ್ನು ಉದ್ದನೆಯ ಕೋಲಿನಿಂದ ಹೊಡೆಯುತ್ತ, ಹದಿನೆಂಟು ಕುಳಿಗಳಿಗೆ ಒಂದಾದ ಮೇಲೊಂದರಂತೆ ಬೀಳಿಸುವ ಆಟ ಅದು. ಕಡಿಮೆ ಹೊಡೆತಗಳಲ್ಲಿ ಮುಗಿಸಿದವನು ಗೆದ್ದವನು. ಈ ಆಟದಲ್ಲಿ ಜಗತ್ತಿಗೇ ಹೆಸರಾದ ಅಮೆರಿಕದ ಬಾಬಿ ಜೋನ್ಸ್ ಎಂಬಾತನಿದ್ದ. ವೃತ್ತಿಯಿಂದ ವಕೀಲ, ಬಹುಮಾನದ ಹಣಕ್ಕೆ ಎಂದೂ ಆಡದ ಹವ್ಯಾಸಿ. 1925ರ ಅಮೆರಿಕನ್ ಓಪನ್ ಪಂದ್ಯದಲ್ಲಿ, ಹೊಡೆಯಲು ಸಜ್ಜಾಗುತ್ತಿದ್ದಾಗ ತನ್ನ ಚೆಂಡು ತುಸು ಅಲುಗಿತೆಂದು ತಾನೇ ಹೇಳಿ, ತನ್ನ ಮೇಲೆ ತಾನೇ ಒಂದು ಹೊಡೆತದ ದಂಡ ಹಾಕಿಕೊಂಡ. ಬೇರೆ ಯಾರೂ ಅದನ್ನು ಕಂಡಿರಲಿಲ್ಲ. ಆ ಒಂದು ಹೊಡೆತದಿಂದ ಪಂದ್ಯ ಸಮವಾಯಿತು. ಮತ್ತೆ ಆಡಿದಾಗ ಆತ ಸೋತ. ಯಾರೂ ನೋಡದಿದ್ದರೂ ತನಗೆ ತಾನೇ ಸಾಕ್ಷಿಯಾಗಿರುವ ಈ ನಡೆ ನಮ್ಮ ಓದುಗರಿಗೆ ಪರಕೀಯವೆನಿಸದು.

1930ರಲ್ಲಿ ಆತ ಬ್ರಿಟನ್ ಮತ್ತು ಅಮೆರಿಕದ ನಾಲ್ಕು ಹಿರಿಯ ಪಂದ್ಯಗಳನ್ನೂ ಒಂದೇ ವರ್ಷದಲ್ಲಿ ಗೆದ್ದು, ಇಪ್ಪತ್ತೆಂಟನೆಯ ವಯಸ್ಸಿಗೇ ಸ್ಪರ್ಧೆಯಿಂದ ನಿವೃತ್ತನಾದ. ಅನಂತರ ವಾರ್ನರ್ ಬ್ರದರ್ಸ್ ಚಿತ್ರಸಂಸ್ಥೆಗಾಗಿ 1931ರಲ್ಲಿ ಹನ್ನೆರಡು ಕಿರುಚಿತ್ರಗಳನ್ನೂ 1933ರಲ್ಲಿ ಮತ್ತೆ ಆರನ್ನೂ ಮಾಡಿದ. ಹಣ ಪಡೆದು ಆಟವನ್ನು ತೋರಿಸಿದ ಮೇಲೆ ಹವ್ಯಾಸಿಯೆನಿಸಿಕೊಳ್ಳುವುದು ಸರಿಯಲ್ಲವೆಂದು ಆ ಪಟ್ಟವನ್ನು ತಾನಾಗಿಯೇ ಬಿಟ್ಟುಕೊಟ್ಟ. ಹಾಲಿವುಡ್ಡಿನ ಹೆಸರಾಂತ ನಟನಟಿಯರು ಆ ಚಿತ್ರಗಳಲ್ಲಿ ಆಟ ಬಾರದ ಶಿಷ್ಯರಂತೆ ಕಾಣಿಸಿಕೊಂಡರು, ಆತ ಗುರು. ಕೋಲನ್ನು ಹೇಗೆ ಹಿಡಿಯಬೇಕು, ಸೊಂಟ ಯಾವಾಗ ತಿರುಗಬೇಕು ಎಂಬುದನ್ನು ನಿಧಾನಗತಿಯ ದೃಶ್ಯಗಳಲ್ಲಿ ಬಿಡಿಸಿ ತೋರಿಸಿದರು. ಆಟದ ಮೈದಾನಕ್ಕೆ ಕಾಲಿಡಲಾಗದ ಬಡವನೂ ನಾಲ್ಕಾಣೆಯಂಥ ಟಿಕೆಟು ಕೊಂಡು ಆ ಪಾಠವನ್ನು ನೋಡಬಹುದಾಗಿತ್ತು.

ಮುಂದೆ ಬೆನ್ನುಹುರಿಯ ಕಾಯಿಲೆ ಬಂದು ಆತ ಗಾಲಿಕುರ್ಚಿಗೆ ಬಿದ್ದ, 1971ರಲ್ಲಿ ತೀರಿಕೊಂಡ. ಆ ದೇಹ ಸೋತು ಎಷ್ಟೋ ವರ್ಷಗಳಾದರೂ ಆ ಚಿತ್ರಗಳು ಉಳಿದವು. ಆಟ ಕಲಿಯುವವರು ಇಂದಿಗೂ ಅವನ್ನು ನೋಡುತ್ತಾರೆ. ಕೈಯಲ್ಲಿದ್ದ ವಿದ್ಯೆ ಕೈ ಸೋಲುವ ಮೊದಲೇ ತೆರೆಗೆ ಸೇರಿತ್ತು. ಇದನ್ನು ಓದಿಕೊಂಡಾಗ ನನಗೆ ತಿಳಿದದ್ದು ಇಷ್ಟು: ಚಿತ್ರರಂಗಕ್ಕೆ ಹೋದುದರಿಂದ ಕ್ರೀಡಾಪಟು ದೊಡ್ಡವನೂ ಆಗುವುದಿಲ್ಲ, ಸಣ್ಣವನೂ ಆಗುವುದಿಲ್ಲ. ಅಲ್ಲಿಗೆ ಆತ ಏನನ್ನು ಒಯ್ದ, ಅಲ್ಲಿಂದ ಏನನ್ನು ತಂದ ಎಂಬುದನ್ನು ನೋಡಬೇಕು. ಕೀರ್ತಿಯನ್ನು ಮಾತ್ರ ಒಯ್ದರೆ ಅದು ಬೇಗ ಖರ್ಚಾಗುತ್ತದೆ. ವಿದ್ಯೆಯನ್ನೂ ಶಿಸ್ತನ್ನೂ ಒಯ್ದರೆ ಬೇರೆ ರೂಪದಲ್ಲಿ ಬೆಳೆಯುತ್ತದೆ.

ಉಷಾಕಿರಣ್ ಸಂಸ್ಥೆಯೇ 1985ರಲ್ಲಿ ತೆರೆಗೆ ತಂದ ‘ಮಯೂರಿ’ ಚಿತ್ರ ಇದಕ್ಕೆ ಮತ್ತೊಂದು ನಿದರ್ಶನ. ಅಪಘಾತದಲ್ಲಿ ಕಾಲು ಕಳೆದುಕೊಂಡು, ಜೈಪುರದ ಕೃತಕ ಕಾಲು ಧರಿಸಿ ಮತ್ತೆ ಭರತನಾಟ್ಯವಾಡಿದ ಸುಧಾ ಚಂದ್ರನ್ ಅದರಲ್ಲಿ ತಮ್ಮ ಬದುಕನ್ನೇ ಅಭಿನಯಿಸಿದರು. ನಿರ್ದೇಶಿಸಿದವರು, ಡಾ. ರಾಜಕುಮಾರ್ ಅವರ ಹಲವು ಚಿತ್ರಗಳಿಂದ ಕನ್ನಡಿಗರಿಗೂ ಆತ್ಮೀಯರಾದ ಸಿಂಗೀತಂ ಶ್ರೀನಿವಾಸರಾವ್. ಅದೊಂದು ಚಿತ್ರದ ಬೆರಗಿಗೆ ನಿಲ್ಲದೆ ಸುಧಾ ಅವರು ದೂರದರ್ಶನದ ಧಾರಾವಾಹಿಗಳಲ್ಲಿ ದಶಕಗಳ ಕಾಲ ದುಡಿದರು. ನಮ್ಮ ಮನೆಗಳ ಹಿರಿಯ ಹೆಣ್ಣುಮಕ್ಕಳು ಆಕೆಯ ಮುಖವನ್ನು ಬಲ್ಲರು. ಆ ಮುಖದ ಹಿಂದಿನ ಕಾಲಿನ ಕಥೆಯನ್ನು ಬಲ್ಲವರು ಕಡಿಮೆ. ಕ್ರಿಕೆಟ್ಟಿನಲ್ಲಿ ಭಾರತಕ್ಕೆ ಆಡಿದ ನಮ್ಮ ವಿಜಯ್ ಭಾರದ್ವಾಜ್ ಆಟ ಮುಗಿದ ಮೇಲೆ ದೂರದರ್ಶನದಲ್ಲಿ ಕನ್ನಡದಲ್ಲಿಯೇ ಆಟದ ವಿವರಣೆ ನೀಡಿ, ಮೈದಾನದ ಸೂಕ್ಷ್ಮಗಳನ್ನು ಹಳ್ಳಿಯ ಜಗಲಿಗೆ ತಂದವರಲ್ಲಿ ಒಬ್ಬರು. ಇವರೆಲ್ಲರೂ ಮೊದಲ ಕಾಯಕದ ಬುತ್ತಿಯನ್ನು ಕಟ್ಟಿಕೊಂಡೇ ಎರಡನೆಯ ಕಾಯಕಕ್ಕೆ ಹೊರಟವರು.

ಹಾಗೆಂದು ತೆರೆಯ ದಾರಿ ಸುಗಮವೆಂದು ನಾನು ಹೇಳುತ್ತಿಲ್ಲ. ನಮ್ಮ ಮುಳಬಾಗಿಲು ಸೀಮೆಯ ಗಂಜಿಗುಂಟೆ ಮೂಲದ ಸೌಂದರ್ಯ ಅವರು 1992ರಲ್ಲಿ ಕನ್ನಡದ ‘ಗಂಧರ್ವ’ ಚಿತ್ರದಿಂದ ಆರಂಭಿಸಿ ತೆಲುಗಿನಲ್ಲಿ ಮನೆಮಾತಾದರು. 2004ರ ಏಪ್ರಿಲ್ 17ರ ವಿಮಾನ ದುರಂತ ಅವರನ್ನು ಅಕಾಲದಲ್ಲಿ ಕರೆದೊಯ್ದಿತು. ಅವರ ಉದಾಹರಣೆ ಕೊಟ್ಟು, ತಮ್ಮ ಮಕ್ಕಳೂ ಹಾಗೆಯೇ ಆಗಲೆಂದು ಸಾಲ ಮಾಡಿ ಬೆಂಗಳೂರಿಗೆ ಕರೆದೊಯ್ಯುವ ತಂದೆತಾಯಿಗಳನ್ನು ನಾನು ಕಂಡಿದ್ದೇನೆ. ಸಾವಿರ ಮಂದಿಯಲ್ಲಿ ಒಬ್ಬರಿಗೆ ಒಲಿಯುವ ದಾರಿಯನ್ನು ಮನೆಯ ಆಸರೆಯೆಂದು ನಂಬಬಾರದು. ಓಟವನ್ನೂ ಹಾಗೆಯೇ. ಎಲ್ಲ ಓಟಗಾರ್ತಿಯರ ಹೆಸರಿನಲ್ಲಿ ಚಿತ್ರ ತೆಗೆಯುವುದಿಲ್ಲ.

ಆದರೆ ಅಶ್ವಿನಿಯವರ ಬದುಕಿನಲ್ಲಿ ನಾನು ಹೆಚ್ಚು ಬೆಲೆ ಕೊಡುವುದು ಚಿತ್ರಗಳ ಅನಂತರದ ಅಧ್ಯಾಯಕ್ಕೆ. ತೆರೆಯ ಮೆರುಗಿಗೆ ಅಂಟಿಕೊಂಡು ಕೂರದೆ ಅವರು ಕೊಡಗಿಗೆ ಹಿಂದಿರುಗಿದರು. ಗೋಣಿಕೊಪ್ಪದಲ್ಲಿ ಪತಿಯೊಡಗೂಡಿ, ಓದು ಮತ್ತು ಆಟ ಎರಡನ್ನೂ ಸಮವಾಗಿ ಕಲಿಸುವ ಶಾಲೆಯೊಂದನ್ನು ಕಟ್ಟಿದರು. ಕ್ರೀಡಾಕ್ಷೇತ್ರದ ಭ್ರಷ್ಟತೆಯ ವಿರುದ್ಧ ಮಾಜಿ ಕ್ರೀಡಾಪಟುಗಳು ಸೇರಿ ಮಾಡಿದ ‘ಕ್ಲೀನ್ ಸ್ಪೋರ್ಟ್ಸ್ ಇಂಡಿಯಾ’ ಚಳವಳಿಯಲ್ಲಿ ಮುಂದಾಗಿ ನಿಂತು ದನಿಯೆತ್ತಿದರು. ಓಡಿದವಳು ಓಡಿಸುವವಳಾದಳು, ಓದು ಬೇರೆ, ಆಟ ಬೇರೆ ಎಂದು ನನ್ನಂಥವರು ಹಾಕಿದ್ದ ಗೋಡೆಯನ್ನು ಒಂದು ಶಾಲೆಯ ಅಂಗಳದಲ್ಲಿ ಕೆಡವಿದಳು. ಅಂದು ನಾನು ಆ ತಂದೆಗೆ “ಓದಿಸಿ” ಎಂದದ್ದು ತಪ್ಪಲ್ಲ. “ಓಡಿಸಿ, ಓದಿಸಿ” ಎನ್ನದಿದ್ದದ್ದು ತಪ್ಪು.

ಎರಡು ದಿನಗಳ ನಂತರ ಆ ತಾಯಿಗೆ ದೂರವಾಣಿ ಮಾಡಿ, ಆಕೆಯ ಪತಿಯೊಂದಿಗೆ ಮಾತನಾಡಬೇಕೆಂದೆ. ಅವರು ಮಾಲೂರಿನ ಹೆಂಚಿನ ಕಾರ್ಖಾನೆಯೊಂದರಲ್ಲಿ ಲೆಕ್ಕ ಬರೆಯುವವರು. ವಿನಯವಂತರು, ಮಗಳ ಮೇಲೆ ಪ್ರೀತಿ ಇಲ್ಲದವರಲ್ಲ. “ಸ್ವಾಮಿ, ನಾಳೆ ಕಾಲು ಮುರಿದುಕೊಂಡರೆ? ನಾಳೆ ಓಟ ನಿಂತರೆ? ಆಗ ಇವಳ ಗತಿ ಏನು?” ಎಂದು ಕೇಳಿದರು. ನ್ಯಾಯವಾದ ಪ್ರಶ್ನೆ. ನಾನು ಹೇಳಿದೆ: “ಓಟ ನಿಲ್ಲುವುದು ಖಂಡಿತ, ಅದರಲ್ಲಿ ಸಂದೇಹವಿಲ್ಲ. ಆದರೆ ಬೆಳಿಗ್ಗೆ ಐದಕ್ಕೆ ಏಳುವ ಅಭ್ಯಾಸ ನಿಲ್ಲುವುದಿಲ್ಲ. ಸೋತ ಸಂಜೆ ಮನೆಗೆ ಬಂದು ಊಟ ಮಾಡಿ ಮರುದಿನ ಮತ್ತೆ ಹೋಗುವ ಧೈರ್ಯ ನಿಲ್ಲುವುದಿಲ್ಲ. ನಾಲ್ಕು ಜನರ ಎದುರು ಅಂಜದೆ ನಿಲ್ಲುವುದನ್ನು ಆಕೆ ಮರೆಯುವುದಿಲ್ಲ. ಇಷ್ಟನ್ನು ಯಾವ ಪಾಠಶಾಲೆಯ ಪುಸ್ತಕವೂ ಕಲಿಸದು. ಓದನ್ನು ಬಿಡಿಸಬೇಡಿ, ಓಟವನ್ನೂ ಬಿಡಿಸಬೇಡಿ.”

ರೈಲ್ವೆ, ಪೊಲೀಸ್, ಬ್ಯಾಂಕುಗಳು ಕ್ರೀಡಾಪಟುಗಳನ್ನು ಕೆಲಸಕ್ಕೆ ತೆಗೆದುಕೊಳ್ಳುತ್ತ ಬಂದಿರುವುದನ್ನೂ, ರಾಜ್ಯದ ಕ್ರೀಡಾ ಇಲಾಖೆ ಮಕ್ಕಳಿಗಾಗಿ ಕ್ರೀಡಾ ವಸತಿನಿಲಯಗಳನ್ನು ನಡೆಸುತ್ತಿರುವುದನ್ನೂ ತಿಳಿಸಿದೆ. ಅವರು ಕೂಡಲೇ ಒಪ್ಪಲಿಲ್ಲ. “ನೋಡೋಣ ಸ್ವಾಮಿ” ಎಂದರು. ಆ “ನೋಡೋಣ”ದಲ್ಲಿ ಬಾಗಿಲು ಮುಚ್ಚಿರಲಿಲ್ಲ.

ಜಿಲ್ಲಾ ಕ್ರೀಡಾಕೂಟದ ದಿನ ನಾನು ಬಸ್ಸು ಹಿಡಿದು ಕೋಲಾರಕ್ಕೆ ಹೋದೆ. ಆ ಹುಡುಗಿ ಬಂದಿದ್ದಳು. ತಂದೆ ತಾಯಿ ಇಬ್ಬರೂ ಬಂದಿದ್ದರು. ಇನ್ನೂರು ಮೀಟರ್ ಓಟದಲ್ಲಿ ಅವಳಿಗೆ ನಾಲ್ಕನೆಯ ಸ್ಥಾನ ಬಂದಿತು, ಪದಕವಿಲ್ಲ. ತಂದೆ ಮೈದಾನದ ಅಂಚಿಗೆ ಹೋಗಿ ಮಗಳ ಕೈಗೆ ನೀರಿನ ಸೀಸೆ ಕೊಟ್ಟು, “ಮುಂದಿನ ವರ್ಷಕ್ಕೆ ಒಳ್ಳೆಯ ಬೂಟು ಕೊಡಿಸುತ್ತೇನೆ” ಎಂದದ್ದು ನನ್ನ ಕಿವಿಗೆ ಬಿತ್ತು. ತಾಯಿ ನನ್ನ ಪಕ್ಕದಲ್ಲಿಯೇ ನಿಂತಿದ್ದಳು. ಬಹಳ ಹೊತ್ತು ಓಟದ ಗೆರೆಗಳನ್ನೇ ನೋಡುತ್ತಿದ್ದು, “ಆ ವರ್ಷ ನಾನು ಓಡಬೇಕಾಗಿದ್ದದ್ದೂ ಈ ಕೋಲಾರದಲ್ಲಿಯೇ ಅಲ್ಲವೇ ಸಾರ್?” ಎಂದಳು. ಹೌದೆಂದೆ. ಕ್ಷಮೆ ಕೇಳಬೇಕೆಂದುಕೊಂಡೆ, ಮಾತು ಹೊರಡಲಿಲ್ಲ. ಆಕೆಗೆ ಅದು ತಿಳಿಯಿತೆಂದು ತೋರುತ್ತದೆ. “ಬನ್ನಿ ಸಾರ್, ಬುತ್ತಿ ತಂದಿದ್ದೇವೆ, ಪ್ರಸಾದ ಮಾಡೋಣ” ಎಂದು ಕರೆದಳು.

ಈ ಅಂಕಣವನ್ನು ಓದುವ ತಂದೆತಾಯಿಗಳಲ್ಲಿ ನನ್ನ ಬಿನ್ನಹ ಇಷ್ಟೇ. ನಿಮ್ಮ ಮನೆಯ ಮಗುವಿನ ಕಾಲಿನಲ್ಲಿ, ಕೈಯಲ್ಲಿ, ಕಂಠದಲ್ಲಿ ಒಂದು ವಿದ್ಯೆ ಕಂಡರೆ, “ಇದರಿಂದ ಏನು ಬರುತ್ತದೆ?” ಎಂದು ಮೊದಲ ದಿನವೇ ಕೇಳಬೇಡಿ. ಅದು ಮಗುವನ್ನು ಎಂಥ ಮನುಷ್ಯನನ್ನಾಗಿ ಮಾಡುತ್ತಿದೆ ಎಂಬುದನ್ನು ನೋಡಿ. ಸಲಹೆ ಕೇಳಲು ಬಂದವರಿಗೆ ಉತ್ತರ ಕೊಡುವ ಮುನ್ನ ನಾವು ಹಿರಿಯರೂ ಎರಡು ದಿನ ಯೋಚಿಸೋಣ. ನಾನು ಅಂದು ಎರಡು ನಿಮಿಷವೂ ಯೋಚಿಸಿರಲಿಲ್ಲ.